ವ್ರತವೋ ದಂಡವೋ: ‘ಫಣಿಯಮ್ಮ’ನನ್ನು ಕುರಿತು

ಎಂ. ಕೆ. ಇಂದಿರಾ ಅವರ ‘ಫಣಿಯಮ್ಮ’ 1976ರಲ್ಲಿ ಪ್ರಕಟವಾದ ಕಾದಂಬರಿ. ಬಾಲ್ಯದಲ್ಲಿಯೇ ವೈಧವ್ಯವು ಪ್ರಾಪ್ತವಾಗಿ, ನೂರು ವರ್ಷಗಳನ್ನೂ ಮೀರಿ ಬಾಳಿದ ಮಲೆನಾಡಿನ ಬ್ರಾಹ್ಮಣ ಸ್ತ್ರೀಯೊಬ್ಬಳ ಚರಿತ್ರೆ ಇದರ ವಸ್ತು. ಅನೇಕ ವಾಚಕರು ಇದನ್ನೋದಿ ‘ಎಂತಹ ತಪಸ್ವಿನಿ!’ ಎಂದು ಕೈಮುಗಿಯುವುದುಂಟು. ಆ ಕೈಮುಗಿತದಲ್ಲಿ ಭಕ್ತಿಯಿದೆ, ವಿವೇಚನೆಯಿಲ್ಲ.

ವ್ರತಕ್ಕೆ ಸಂಕಲ್ಪವೇ ಮೂಲವು. ‘ಕರಿಷ್ಯೇ’ ಎಂದು ನೀರು ಬಿಟ್ಟವರೇ ಅದಕ್ಕೆ ಕರ್ತೃಗಳು. ಇಲ್ಲಿಯಾದರೋ, ಮದುವೆಯೆಂದರೇನೆಂದು ಅರಿಯದ ಹುಡುಗಿಯ ಗಂಡನು ಹಾವು ಕಚ್ಚಿ ಸತ್ತನು. ಆಕೆ ಮೈನೆರೆದ ಮೇಲೆ ತಲೆಯ ಮೇಲೆ ಕ್ಷೌರದ ಕತ್ತಿ ಆಡಿತು. ಸಂಕಲ್ಪ ಮಾಡಿದವರಾರು? ಮನೆಯ ಹಿರಿಯರು, ಪುರೋಹಿತರು, ಊರು. ಸಂಕಲ್ಪವು ಒಬ್ಬರದು, ಉಪವಾಸವು ಮತ್ತೊಬ್ಬರದು ಎಂದಾದರೆ ಅದು ವ್ರತವಲ್ಲ, ದಂಡ. ಅದೂ ಅಪರಾಧವಿಲ್ಲದ ದಂಡ.

ಲೇಖಕಿಯರು ಇದನ್ನು ಬಲ್ಲರು. ಫಣಿಯಮ್ಮನು ಮಡಿಯನ್ನು ಬಿಟ್ಟವಳಲ್ಲ, ಒಪ್ಪೊತ್ತಿನ ಊಟವನ್ನೂ ಬಿಟ್ಟವಳಲ್ಲ. ಆದರೂ ಹೆರಿಗೆಯಾಗದೆ ನರಳುತ್ತಿದ್ದ ಅಸ್ಪೃಶ್ಯಳೊಬ್ಬಳ ಬಳಿಗೆ ಹೋಗಿ, ಮಗುವನ್ನು ತನ್ನ ಕೈಯಿಂದಲೇ ಈಚೆಗೆ ತರುವಳು. ದಾಕ್ಷಾಯಣಿಯೆಂಬ ಎಳೆಯ ವಿಧವೆಯು ತಲೆಗೂದಲನ್ನು ಕೊಡಲಾರೆನೆಂದು ನಿಂತಾಗ ಆಕೆಯ ಪಕ್ಷವನ್ನು ವಹಿಸುವವಳೂ ಈ ಮುಂಡನದ ಮುದುಕಿಯೇ. ತಾನು ಪಟ್ಟುದನ್ನು ಸೊಸೆಯೂ ಪಡಲೆಂಬುದು ಲೋಕದ ಮನೆಗಳಲ್ಲಿ ಸಾಮಾನ್ಯವಾಗಿ ನಡೆದು ಬಂದ ನ್ಯಾಯ. ಆ ಸರಪಣಿಯ ಕೊಂಡಿಯೊಂದು ಇಲ್ಲಿ ಕಳಚುವುದು. ಕಾದಂಬರಿಯ ಜೀವಾಳವಿರುವುದು ಈ ಸ್ಥಳದಲ್ಲಿಯೇ ಹೊರತು ಒಪ್ಪೊತ್ತಿನ ಊಟದಲ್ಲಲ್ಲ.

ವಿಧವಾವಿವಾಹದ ಕಾನೂನು 1856ರಲ್ಲಿಯೇ ಆಯಿತು. 1899ರಲ್ಲಿ ಗುಲ್ವಾಡಿ ವೆಂಕಟರಾಯರ ‘ಇಂದಿರಾಬಾಯಿ’ಯ ನಾಯಿಕೆ ಮನೆಯನ್ನು ತೊರೆದು, ವಿದ್ಯೆ ಕಲಿತು, ಮರುಮದುವೆಯಾದಳು. ಅವಳ ಬಿಡುಗಡೆಗೆ ಹೊಸಿಲನ್ನು ದಾಟಬೇಕಾಯಿತು. ಫಣಿಯಮ್ಮನಿಗೆ ಹೊಸಿಲಿನಾಚೆ ಯಾವ ಆಶ್ರಯವೂ ಇರಲಿಲ್ಲ. ಆದುದರಿಂದ ಬದಲಾವಣೆಯು ಅಡಿಗೆಮನೆಯೊಳಗೇ, ಮಾತು ಕಡಿಮೆಯಾದ ಒಬ್ಬ ವೃದ್ಧೆಯ ಮುಖಾಂತರ ಆಗಬೇಕಾಯಿತು. ಸ್ತ್ರೀಯರ ಉನ್ನತಿಯನ್ನು ಪಾಠಶಾಲೆಗಳ ಎಣಿಕೆಯಿಂದಲೇ ಅಳೆಯುವವರಿಗೆ ಇದು ಕಣ್ಣಿಗೆ ಬೀಳುವುದು ಕಷ್ಟ.

ಕೃತಿ ನಿರ್ದೋಷವೆಂದಲ್ಲ. ನೆಂಟರಿಷ್ಟರ ಸಂದಣಿಯಲ್ಲಿ ಕಥೆ ಅಲ್ಲಲ್ಲಿ ನಿಂತುಬಿಡುವುದು. ಅದು ಸಣ್ಣ ದೋಷ. ದೊಡ್ಡದೆಂದರೆ, ನಾಯಿಕೆಗೆ ಕೋಪವೇ ಬಾರದಿರುವುದು. ಒಂದು ಶತಮಾನದ ಬಾಳಿನಲ್ಲಿ ಒಂದು ರಾತ್ರಿಯಾದರೂ ಆಕೆ ಆ ಕತ್ತಿಯನ್ನು ನೆನೆದು ಹಲ್ಲು ಕಡಿದಿರಬೇಡವೇ? ಆ ಶಾಂತಿಯೇ ಆಕೆಯನ್ನು ತಪಸ್ವಿನಿಯೆನ್ನುವವರಿಗೆ ಆಧಾರವಾಯಿತು. ದಾಕ್ಷಾಯಣಿಗೆ ಇನ್ನು ನಾಲ್ಕು ಪುಟಗಳನ್ನು ಹೆಚ್ಚಾಗಿ ಕೊಟ್ಟಿದ್ದರೆ, ಕೈಮುಗಿಯುವ ವಾಚಕರಿಗೆ ಸ್ವಲ್ಪ ತೊಂದರೆಯಾಗುತ್ತಿತ್ತು.