ಫರೀದ್ ಶೌಕಿ: ಮುಷ್ಟಿಯ ಬಲ, ಮುಷ್ಟಿಯ ಮಿತಿ

ಈಜಿಪ್ಟಿನ ನಟ, ನಿರ್ಮಾಪಕ ಫರೀದ್ ಶೌಕಿ (1920–1998) ‘ಮೂರನೆಯ ದರ್ಜೆಯ ದೊರೆ’ ಎನಿಸಿದ್ದರು. ಅಗ್ಗದ ಆಸನಗಳ ಪ್ರೇಕ್ಷಕರೇ ಅವರ ಪ್ರಜೆಗಳು. ಖಳಪಾತ್ರಗಳಲ್ಲಿ ಹೆಸರಾದ ಆ ದೇಹಬಲಕ್ಕೆ ಹೊಸ ಅರ್ಥ ದೊರೆತುದು ಅವರು ಕಥಾರಚನೆಗೂ ನಿರ್ಮಾಣಕ್ಕೂ ಕೈಯಿಕ್ಕಿದ ಮೇಲೆ. 1954ರ ‘ಜಅಲೂನೀ ಮುಜ್ರಿಮನ್’ ಅಪರಾಧಿಯನ್ನು ಮುಂದಿಟ್ಟು, ಅವನನ್ನು ಅಪರಾಧಿಯಾಗಿಸಿದ ಸಮಾಜವನ್ನು ಪ್ರಶ್ನಿಸುತ್ತದೆ. ಸಲಾಹ್ ಅಬು ಸೈಫ್ ನಿರ್ದೇಶಿಸಿದ ‘ಅಲ್ ಫುತುವ್ವ’ (1957) ಇನ್ನೂ ಆಳಕ್ಕಿಳಿಯುತ್ತದೆ. ಹಳ್ಳಿಯಿಂದ ಕೈರೋದ ತರಕಾರಿ ಮಂಡಿಗೆ ಬಂದ ಹರೀದಿ, ಅಲ್ಲಿಯ ವ್ಯಾಪಾರವನ್ನೆಲ್ಲ ಹಿಡಿತದಲ್ಲಿಟ್ಟುಕೊಂಡಿದ್ದ ಅಬು ಜೈದನನ್ನು ಉರುಳಿಸಿ, ತಾನೇ ಮತ್ತೊಬ್ಬ ಅಬು ಜೈದನಾಗುತ್ತಾನೆ. ಕೊನೆಗೆ ಇನ್ನೊಬ್ಬ ಹಳ್ಳಿಗ ಅದೇ ಮಂಡಿಗೆ ಕಾಲಿಡುತ್ತಾನೆ. ಜನ ಮೆಚ್ಚಿದುದು ಶೌಕಿಯವರ ಮುಷ್ಟಿಯನ್ನು. ಮುಷ್ಟಿಯಿಂದ ಮಂಡಿಯ ಒಡೆಯ ಬದಲಾದಾನು, ಮಂಡಿ ಬದಲಾಗದು ಎಂಬುದನ್ನು ಆ ಜನರ ಮುಂದೆಯೇ ತೋರಿದುದು ಅವರ ನಿಜವಾದ ಸಾಹಸ.