ಏಜಾಕ್ಸ್ ಸತ್ತ ಮೇಲಿನ ನಾಟಕ

ಸೊಫೋಕ್ಲಿಸ್‌ನ ‘ಏಜಾಕ್ಸ್’ ನಾಟಕವನ್ನು ನಾನು ಮೊದಲು ಓದಿದ್ದು ಬಿ.ಎ. ತರಗತಿಯಲ್ಲಿ, ಅದೂ ಅರ್ಧ. ನಾಯಕ ತನ್ನ ಕತ್ತಿಯ ಮೇಲೆ ಬಿದ್ದು ಸಾಯುವಲ್ಲಿಗೆ ಮೇಷ್ಟ್ರು ಪುಸ್ತಕ ಮುಚ್ಚಿದರು. “ಮುಂದಿನದೆಲ್ಲ ಹೆಣದ ಜಗಳ, ಪರೀಕ್ಷೆಗೆ ಬೇಕಾಗಿಲ್ಲ” ಅಂದರು. ನಾವೂ ಸಂತೋಷದಿಂದಲೇ ಮುಚ್ಚಿದೆವು. ಈ ನಾಟಕ ನಡುವೆಯೇ ಮುರಿದುಬಿದ್ದಿದೆ ಎಂಬ ದೂರು ವಿಮರ್ಶಕರಲ್ಲೂ ಹಳೆಯದೇ. ಒಟ್ಟು 1420 ಸಾಲುಗಳ ನಾಟಕದಲ್ಲಿ 865ನೇ ಸಾಲಿನ ಹೊತ್ತಿಗೆ ನಾಯಕನ ಮಾತು ಮುಗಿದಿರುತ್ತದೆ. ಉಳಿದ 550ಕ್ಕೂ ಹೆಚ್ಚು ಸಾಲುಗಳಲ್ಲಿ ಶವವೊಂದು ರಂಗದ ಮೇಲೆ ಬಿದ್ದಿರುತ್ತದೆ, ಬದುಕಿರುವವರು ಅದರ ಸುತ್ತ ಜಗಳವಾಡುತ್ತಾರೆ.

ಆ ಉಳಿದ ಭಾಗವನ್ನು ನಾನು ಓದಿದ್ದು ಬಹಳ ವರ್ಷಗಳ ನಂತರ, ಒಂದು ಸಾವಿನ ಮನೆಯಿಂದ ವಾಪಸು ಬಂದ ರಾತ್ರಿ. ಅಂದಿನಿಂದ ನನಗನ್ನಿಸಿರುವುದು ಇಷ್ಟು: ಮೇಷ್ಟ್ರು ಬಿಟ್ಟ ಭಾಗದಲ್ಲೇ ಈ ನಾಟಕದ ಜೀವವಿದೆ.

ಕತೆ ಗೊತ್ತಿಲ್ಲದವರಿಗಾಗಿ ಎರಡು ಮಾತು. ಟ್ರಾಯ್ ಯುದ್ಧದಲ್ಲಿ ಅಕಿಲೀಸ್ ಸತ್ತಾಗ ಅವನ ಆಯುಧಗಳು ಯಾರಿಗೆ ಸೇರಬೇಕು ಎಂಬ ಪ್ರಶ್ನೆ ಏಳುತ್ತದೆ. ಬಲದಲ್ಲಿ ಅಕಿಲೀಸ್‌ನ ನಂತರದವನು ಏಜಾಕ್ಸ್. ಆದರೆ ಆಯುಧಗಳು ಮಾತುಗಾರ ಒಡಿಸ್ಯೂಸ್‌ನ ಪಾಲಾಗುತ್ತವೆ. ಅವಮಾನದಿಂದ ಕುದಿದ ಏಜಾಕ್ಸ್ ಗ್ರೀಕ್ ನಾಯಕರನ್ನು ಕೊಲ್ಲಲು ರಾತ್ರಿ ಹೊರಡುತ್ತಾನೆ. ಅಥೀನಾ ದೇವಿ ಅವನ ಬುದ್ಧಿಗೆ ಮಂಕು ಕವಿಸುತ್ತಾಳೆ. ಅವನು ಕಡಿದು ಹಾಕುವುದು ಸೈನ್ಯದ ದನ ಕುರಿಗಳನ್ನು, ಅವುಗಳ ಕಾವಲುಗಾರರನ್ನು.

ಗ್ರೀಕರ ಕಣ್ಣಿಗೆ ಏಜಾಕ್ಸ್ ಎಂದೂ ಎರಡನೆಯವನೇ. ಎಕ್ಸೇಕಿಯಾಸ್ ಎಂಬ ಅಥೆನ್ಸಿನ ಚಿತ್ರಕಾರ ಕ್ರಿ.ಪೂ. 540–530ರ ಸುಮಾರಿಗೆ ಬಣ್ಣ ಹಾಕಿದ ಒಂದು ಮಡಕೆ ಈಗ ವ್ಯಾಟಿಕನ್ ಸಂಗ್ರಹಾಲಯದಲ್ಲಿದೆ. ಅದರ ಮೇಲೆ ಅಕಿಲೀಸ್ ಮತ್ತು ಏಜಾಕ್ಸ್ ಈಟಿ ಹಿಡಿದುಕೊಂಡೇ ಕೂತು ಪಗಡೆಯಂಥ ಆಟ ಆಡುತ್ತಿದ್ದಾರೆ. ಅಕಿಲೀಸ್‌ನ ಬಾಯಿಂದ ‘ನಾಲ್ಕು’ ಎಂಬ ಅಕ್ಷರಗಳು ಹೊರಟಿವೆ, ಏಜಾಕ್ಸ್‌ನ ಬಾಯಿಂದ ‘ಮೂರು’. ಆಟದಲ್ಲೂ ಒಂದು ಕಡಿಮೆ. ಅದೇ ಚಿತ್ರಕಾರನ ಇನ್ನೊಂದು ಮಡಕೆ ಫ್ರಾನ್ಸಿನ ಬುಲೋನ್-ಸುರ್-ಮೇರ್‌ನಲ್ಲಿದೆ. ಅಲ್ಲಿ ಏಜಾಕ್ಸ್ ಒಬ್ಬನೇ ಮಂಡಿಯೂರಿ, ಕತ್ತಿಯ ಹಿಡಿಯನ್ನು ಮಣ್ಣಿನಲ್ಲಿ ಊರುತ್ತಿದ್ದಾನೆ. ಗಿಡ ನೆಡುವವನ ಹಾಗೆ ಗಮನವಿಟ್ಟು ಮಣ್ಣು ಒತ್ತುತ್ತಿದ್ದಾನೆ. ಆ ಕತ್ತಿ ಯಾರದ್ದೆಂದು ಸೊಫೋಕ್ಲಿಸ್ ನೆನಪಿಸುತ್ತಾನೆ. ‘ಇಲಿಯಡ್’ನ ಏಳನೇ ಕಾಂಡದಲ್ಲಿ ದ್ವಂದ್ವಯುದ್ಧ ಮುಗಿಸಿ ಶತ್ರು ಹೆಕ್ಟರ್ ಪ್ರೀತಿಯಿಂದ ಕೊಟ್ಟ ಉಡುಗೊರೆ ಅದು.

ಈಗ ನಾಟಕದ ಮೊದಲ ದೃಶ್ಯಕ್ಕೆ ಬರೋಣ. ಬೆಳಗಿನ ಹೊತ್ತು. ಒಡಿಸ್ಯೂಸ್ ಬೇಟೆನಾಯಿಯ ಹಾಗೆ ಹೆಜ್ಜೆಗುರುತು ಮೂಸುತ್ತ ಏಜಾಕ್ಸ್‌ನ ಬಿಡಾರದ ಹತ್ತಿರ ಬಂದಿದ್ದಾನೆ. ಒಳಗೆ ಏಜಾಕ್ಸ್ ಒಂದು ಟಗರನ್ನು ಕಂಬಕ್ಕೆ ಕಟ್ಟಿ, ಅದೇ ಒಡಿಸ್ಯೂಸ್ ಎಂದು ಭ್ರಮಿಸಿ ಚಾವಟಿಯಿಂದ ಹೊಡೆಯುತ್ತಿದ್ದಾನೆ. ಅಥೀನಾ ಅವನನ್ನು ಹೊರಗೆ ಕರೆದು ಒಡಿಸ್ಯೂಸ್‌ಗೆ ತೋರಿಸುತ್ತಾಳೆ. ಶತ್ರುವಿನ ಗತಿ ಕಂಡು ನಗುವುದಕ್ಕಿಂತ ಸಿಹಿಯಾದ ನಗು ಉಂಟೇ ಎಂಬುದು ಅವಳ ಧಾಟಿ. ಒಡಿಸ್ಯೂಸ್ ನಗುವುದಿಲ್ಲ. ಇವನು ನನ್ನ ವೈರಿ, ಆದರೂ ಕನಿಕರವಾಗುತ್ತದೆ ಎನ್ನುತ್ತಾನೆ. ಆ ಹುಚ್ಚನಲ್ಲಿ ಅವನಿಗೆ ತನ್ನ ಪಾಡೇ ಕಾಣುತ್ತದೆ. ಮನುಷ್ಯರೆಲ್ಲ ನೆರಳಿಗಿಂತ ಹೆಚ್ಚೇನೂ ಅಲ್ಲ ಎಂಬ ಅರ್ಥದ ಮಾತು ಆಡುತ್ತಾನೆ.

ದೇವತೆ ನಗು ಎನ್ನುತ್ತಾಳೆ, ಮನುಷ್ಯ ಒಲ್ಲೆ ಎನ್ನುತ್ತಾನೆ. ನಾಟಕ ಇಡಿಯಾಗಿ ಈ ಒಂದು ಗಳಿಗೆಯ ಮೇಲೆ ನಿಂತಿದೆ. ಗ್ರೀಕ್ ದೇವರುಗಳೆಲ್ಲ ಕಲ್ಲುಹೃದಯದವರು ಎಂದು ನಾನು ಹೇಳುತ್ತಿಲ್ಲ. ‘ಇಲಿಯಡ್’ನ ಹದಿನೇಳನೇ ಕಾಂಡದಲ್ಲಿ ಮಂಜು ಕವಿದ ರಣರಂಗದಲ್ಲಿ ಇದೇ ಏಜಾಕ್ಸ್ ಕಣ್ಣೀರಿಡುತ್ತ, ಕೊಲ್ಲುವುದಾದರೂ ಬೆಳಕಿನಲ್ಲಿ ಕೊಲ್ಲು ಎಂದು ಬೇಡಿದಾಗ ಸ್ಯೂಸ್ ಕರಗಿ ಮಂಜು ಸರಿಸುತ್ತಾನೆ. ಹೋಮರನಲ್ಲಿ ತೆರೆದಿದ್ದ ಆ ಬಾಗಿಲನ್ನು ಸೊಫೋಕ್ಲಿಸ್ ಮುಚ್ಚುತ್ತಾನೆ. ದೇವರ ಸಹಾಯವಿದ್ದರೆ ಕೈಲಾಗದವನೂ ಗೆಲ್ಲುತ್ತಾನೆ, ನಾನು ಅದಿಲ್ಲದೆ ಗೆಲ್ಲುತ್ತೇನೆ ಎಂದು ಏಜಾಕ್ಸ್ ಹಿಂದೊಮ್ಮೆ ತಂದೆಯ ಮುಂದೆ ಕೊಚ್ಚಿಕೊಂಡಿದ್ದ. ಯುದ್ಧದಲ್ಲಿ ಅಥೀನಾ ಬಳಿ ಬಂದಾಗ, ನೀನು ಬೇರೆಯವರ ಪಕ್ಕ ನಿಲ್ಲು ಹೋಗು ಎಂದಿದ್ದ. ಅವಳ ಕೋಪ ಇರುವುದು ಇವತ್ತೊಂದೇ ದಿನ, ಸಂಜೆಯವರೆಗೆ ಅವನನ್ನು ಬಿಡಾರದಿಂದ ಆಚೆ ಬಿಡದಿದ್ದರೆ ಉಳಿದಾನು ಎಂದು ಕಾಲಜ್ಞಾನಿ ಕಾಲ್ಕಾಸ್ ಹೇಳಿ ಕಳಿಸುತ್ತಾನೆ. ಸುದ್ದಿ ತಲುಪುವ ಹೊತ್ತಿಗೆ ಏಜಾಕ್ಸ್ ಸಮುದ್ರದ ದಂಡೆಗೆ ಹೋಗಿಯಾಗಿದೆ. ದೇವತೆಗೆ ಒಂದು ದಿನದ ಮುನಿಸು, ಮನುಷ್ಯನಿಗೆ ಇಡೀ ಜೀವ. ಸಾವೇ ಇಲ್ಲದವರಿಗೆ ಒಂದು ದಿನದ ಬೆಲೆ ಹೇಗೆ ತಿಳಿಯಬೇಕು?

ಇನ್ನು ಆ ‘ಹೆಣದ ಜಗಳ’. ಮೆನೆಲಾಸ್, ಅಗಮೆಮ್ನಾನ್ ಇಬ್ಬರೂ ಬಂದು ಶವವನ್ನು ಹೂಳಕೂಡದು, ಹಕ್ಕಿಗಳಿಗೆ ಬಿಡಬೇಕು ಎನ್ನುತ್ತಾರೆ. ತಮ್ಮ ಟ್ಯೂಸರ್ ಎದುರು ನಿಲ್ಲುತ್ತಾನೆ. ಮಾತು ಇಳಿಯುತ್ತ ಇಳಿಯುತ್ತ ಹುಟ್ಟು, ತಾಯಿ, ಕುಲ ಎಂಬ ಹೀಯಾಳಿಕೆಗೆ ಮುಟ್ಟುತ್ತದೆ. ಭಾಷೆ ಇಲ್ಲಿ ಸಣ್ಣದಾಗುತ್ತದೆ ಎಂಬ ಆಕ್ಷೇಪ ಸರಿಯೇ. ಆದರೆ ದೊಡ್ಡ ಮನುಷ್ಯನೊಬ್ಬ ಸತ್ತ ಮನೆಯಲ್ಲಿ ಭಾಷೆ ಹೀಗೇ ಸಣ್ಣದಾಗುವುದಿಲ್ಲವೇ? ಅಥೆನ್ಸಿನ ಪ್ರೇಕ್ಷಕರಿಗೆ ಇದು ಬರೀ ಹಳೆಯ ಕತೆಯೂ ಆಗಿರಲಿಲ್ಲ. ಕ್ಲೈಸ್ತನೀಸ್ ನಗರದ ಜನರನ್ನು ಹತ್ತು ಬಣಗಳಾಗಿ ವಿಂಗಡಿಸಿದಾಗ ಒಂದು ಬಣಕ್ಕೆ ಏಜಾಕ್ಸ್‌ನ ಹೆಸರಿಟ್ಟಿದ್ದ. ತಮ್ಮ ಹೆಸರಿನ ಮೂಲಪುರುಷನಿಗೆ ಒಂದು ಗೋರಿ ಸಿಗುತ್ತದೋ ಇಲ್ಲವೋ ಎಂದು ಆ ಬಣದವರು ಕೂತು ನೋಡುತ್ತಿದ್ದರು.

ಗೋರಿ ಕೊಡಿಸುವವನು ಒಡಿಸ್ಯೂಸ್. ಇವನು ನನಗೆ ಕಡುವೈರಿಯಾಗಿದ್ದ, ಆದರೆ ಅಕಿಲೀಸ್‌ನ ನಂತರ ನಮ್ಮಲ್ಲಿ ಶ್ರೇಷ್ಠ ಇವನೇ ಎಂದು ಅವನು ಒಪ್ಪಿಕೊಳ್ಳುತ್ತಾನೆ. ಮುಂದೊಂದು ದಿನ ನನಗೂ ಇದೇ ಮಣ್ಣು ಬೇಕಾಗುತ್ತದೆ ಎನ್ನುತ್ತಾನೆ. ಎಲ್ಲರೂ ತಮ್ಮ ತಮ್ಮ ಲಾಭವನ್ನೇ ನೋಡುತ್ತಾರೆ ಎಂದು ಅಗಮೆಮ್ನಾನ್ ಚುಚ್ಚಿದರೆ, ಮತ್ತೆ ಯಾರದ್ದು ನೋಡಲಿ ಎಂದು ಮರುಪ್ರಶ್ನೆ ಹಾಕುತ್ತಾನೆ. ಈ ಉತ್ತರದಲ್ಲಿ ತ್ಯಾಗದ ಸೋಗಿಲ್ಲ, ನಾನೂ ಸಾಯುವವನು ಎಂಬ ಲೆಕ್ಕವಿದೆ. ಅಥೀನಾಗೆ ಈ ಲೆಕ್ಕ ಬರುವುದಿಲ್ಲ, ಅವಳಿಗೆ ಅದು ಬೇಕಾಗಿಯೂ ಇಲ್ಲ. ಕೊನೆಗೆ ಒಡಿಸ್ಯೂಸ್ ಸಂಸ್ಕಾರಕ್ಕೆ ಕೈಜೋಡಿಸಲೇ ಎಂದು ಕೇಳುತ್ತಾನೆ. ಟ್ಯೂಸರ್ ಅವನನ್ನು ಮೆಚ್ಚುತ್ತಾನೆ, ಆದರೆ ಶವ ಮುಟ್ಟಲು ಬಿಡುವುದಿಲ್ಲ. ಸತ್ತವನಿಗೆ ಅದು ಹಿಡಿಸದಿರಬಹುದು ಎನ್ನುತ್ತಾನೆ.

ನಾನು ಆ ರಾತ್ರಿ ಓದು ನಿಲ್ಲಿಸಿದ್ದು ಇಲ್ಲಿ. ಅವತ್ತು ತೀರಿಕೊಂಡಿದ್ದವರು ನನ್ನ ದೊಡ್ಡಪ್ಪ. ಹೊಲದ ಬದುವಿನ ವ್ಯಾಜ್ಯದಲ್ಲಿ ಅಪ್ಪನಿಗೂ ಅವರಿಗೂ ವರ್ಷಗಟ್ಟಲೆ ಮಾತಿರಲಿಲ್ಲ. ಸುದ್ದಿ ಬಂದ ಕೂಡಲೇ ಅಪ್ಪ ಚಪ್ಪಲಿ ಮೆಟ್ಟಿ ಹೊರಟರು. ಹೆಗಲು ಕೊಡಲು ಮುಂದೆ ಹೋದಾಗ ದೊಡ್ಡಪ್ಪನ ಮಗ, “ಬೇಡ ಚಿಕ್ಕಪ್ಪ, ಅವರಿಗೆ ಸರಿ ಹೋಗಲ್ಲ” ಅಂದ. ಬಿರುಸಾಗಿ ಹೇಳಲಿಲ್ಲ. ಅಪ್ಪ ಸರಿದು ನಿಂತು, ಎಲ್ಲರ ಹಿಂದೆ ನಡೆದುಕೊಂಡು ಹೋದರು. ಅವಮಾನವಾಯಿತೇನೋ ಎಂದು ನಾನು ದಾರಿಯುದ್ದಕ್ಕೂ ಸಂಕಟಪಟ್ಟಿದ್ದೆ. ಟ್ಯೂಸರ್‌ನ ಮಾತು ಓದಿದ ಮೇಲೆ ಅದನ್ನು ಅವಮಾನ ಎನ್ನಲು ಮನಸ್ಸಾಗಲಿಲ್ಲ. ಸತ್ತವನ ಹಟಕ್ಕೂ ಒಂದು ಗೌರವ ಸಲ್ಲಬೇಕು.

ಆ ಹಟ ಎಷ್ಟು ಗಟ್ಟಿ ಎಂಬುದನ್ನು ಸೊಫೋಕ್ಲಿಸ್‌ಗಿಂತ ಮೊದಲೇ ‘ಒಡಿಸ್ಸಿ’ಯ ಹನ್ನೊಂದನೇ ಕಾಂಡ ತೋರಿಸಿತ್ತು. ಸತ್ತವರ ಲೋಕದಲ್ಲಿ ಒಡಿಸ್ಯೂಸ್‌ಗೆ ಏಜಾಕ್ಸ್ ಎದುರಾಗುತ್ತಾನೆ. ಆ ಪಂದ್ಯ ನಾನು ಗೆಲ್ಲದೇ ಇದ್ದಿದ್ದರೆ ಚೆನ್ನಾಗಿತ್ತು ಎಂದು ಒಡಿಸ್ಯೂಸ್ ಅಂಗಲಾಚುತ್ತಾನೆ. ಏಜಾಕ್ಸ್ ಒಂದೂ ಮಾತಾಡದೆ ನೆರಳುಗಳ ನಡುವೆ ಹೊರಟುಹೋಗುತ್ತಾನೆ. ಯಾವ ಮಾತಿಗಿಂತಲೂ ಈ ಮೌನ ಭವ್ಯ ಎಂದು ಲಾಂಜೈನಸ್ ಮೆಚ್ಚಿದ್ದು ಸುಮ್ಮನೆ ಅಲ್ಲ.

ಆದರೆ ನಾಟಕದಲ್ಲಿ ಇನ್ನೊಂದು ಮೌನವಿದೆ, ಅದನ್ನು ಮೆಚ್ಚುವುದು ನನ್ನಿಂದಾಗದು. ಏಜಾಕ್ಸ್ ಯುದ್ಧದಲ್ಲಿ ಸೆರೆ ತಂದು ಜೊತೆಯಲ್ಲಿರಿಸಿಕೊಂಡ ಟೆಕ್ಮೆಸ್ಸಾ, ನೀನು ಸತ್ತರೆ ನನ್ನನ್ನೂ ಮಗುವನ್ನೂ ಯಾರು ಎಳೆದುಕೊಂಡು ಹೋಗುತ್ತಾರೋ ಎಂದು ಬೇಡಿದ್ದಳು. ಶವವನ್ನು ಮೊದಲು ಕಂಡವಳು, ಬಟ್ಟೆ ಹೊದಿಸಿದವಳು ಅವಳೇ. ಮುಂದೆ ಗಂಡಸರ ಜಗಳ ಕಾವೇರಿದಾಗ ಅವಳು ಮಗುವಿನೊಂದಿಗೆ ಬಂದು ಶವದ ಬಳಿ ಇರುತ್ತಾಳೆ. ಕೊನೆಯವರೆಗೂ ಅವಳಿಗೆ ಒಂದು ಮಾತೂ ಇಲ್ಲ. ಮೂವರೇ ನಟರು ಎಂಬ ಅಂದಿನ ರಂಗನಿಯಮ ಇದಕ್ಕೆ ಕಾರಣ ಇರಬಹುದು. ಏನೇ ಆಗಲಿ, ಹೆಣಕ್ಕೆ ಸಿಕ್ಕ ಕರುಣೆ ಬದುಕಿದ್ದವಳವರೆಗೆ ಬರಲಿಲ್ಲ. ಒಡಿಸ್ಯೂಸ್‌ನ ಲೆಕ್ಕದ ಮಿತಿ ಇದು: ತನ್ನ ಹಾಗೆ ಕಾಣುವವನಲ್ಲಿ ಮಾತ್ರ ಅವನು ತನ್ನನ್ನು ಕಂಡ.

ಈ ನಾಟಕವನ್ನು ಕನ್ನಡಕ್ಕೆ ತಂದ ಬಿ.ಎಂ.ಶ್ರೀ. ಏಜಾಕ್ಸ್‌ನ ಜಾಗದಲ್ಲಿ ಅಶ್ವತ್ಥಾಮನನ್ನು ನಿಲ್ಲಿಸಿದರು. 1929ರ ‘ಅಶ್ವತ್ಥಾಮನ್’ ಹಳಗನ್ನಡದಲ್ಲಿದೆ. ರಾತ್ರಿಯ ದಾಳಿ ಇಬ್ಬರನ್ನೂ ಹತ್ತಿರ ತಂದಿರಬೇಕು. ಆದರೆ ಅಶ್ವತ್ಥಾಮ ಚಿರಂಜೀವಿ. ಅವನನ್ನು ಸಾಯಿಸಿದ್ದು ತಪ್ಪು ಎಂಬ ಆಕ್ಷೇಪ ಬಂತು. ಪುರಾಣದ ಲೆಕ್ಕದಲ್ಲಿ ತಪ್ಪೇ. ಆದರೆ ಮಹಾಭಾರತದಲ್ಲಿ ಸಾವಿಲ್ಲದಿರುವುದು ಅವನಿಗೆ ವರವಾಗಿ ಉಳಿಯುವುದಿಲ್ಲ. ಮೂರು ಸಾವಿರ ವರ್ಷ ಜೊತೆಗಾರರಿಲ್ಲದೆ ಅಲೆ ಎಂಬುದು ಕೃಷ್ಣನ ಶಾಪ. ಏಜಾಕ್ಸ್‌ನ ಕತೆಯೊಳಗೆ ಬಂದ ಅಶ್ವತ್ಥಾಮನಿಗೆ ಆ ಅಲೆದಾಟ ತಪ್ಪಿತು, ಸಾಯುವವರ ಸಾಲಿನಲ್ಲಿ ಒಂದು ಜಾಗ ಸಿಕ್ಕಿತು. ಬಿ.ಎಂ.ಶ್ರೀ. ಉದ್ದೇಶ ಇದೇ ಆಗಿತ್ತೆಂದು ನಾನು ವಾದಿಸಲಾರೆ. ಆದರೂ ಸೊಫೋಕ್ಲಿಸ್‌ನನ್ನು ಓದಿ ಅಲ್ಲಿಗೆ ಹೋದರೆ ಅದು ತಪ್ಪಾಗಿ ಕಾಣುವುದಿಲ್ಲ, ದೇವರು ಕೊಡದ್ದನ್ನು ಮನುಷ್ಯನೊಬ್ಬ ಕೊಟ್ಟ ಹಾಗೆ ಕಾಣುತ್ತದೆ.

ನನ್ನ ವಿದ್ಯಾರ್ಥಿಗಳಿಗೆ ಈಗ ನಾಟಕವನ್ನು 866ನೇ ಸಾಲಿನಿಂದ ಓದಲು ಹೇಳುತ್ತೇನೆ. ಮೊದಲರ್ಧವನ್ನು ಅವರು ಹೇಗೂ ಓದಿಕೊಳ್ಳುತ್ತಾರೆ.