ಕೊಲೆಗಾರನ ಬಾಯಿಗೆ ಮಾತು ಕೊಟ್ಟವರು

ತುರುವೇಕೆರೆ ಕಡೆಯ ನಮ್ಮೂರಲ್ಲಿ ದೊಡ್ಡಪ್ಪ ಕೊಬ್ಬರಿ ಸುಲಿಯುತ್ತಾ ಗುನುಗುವ ಹಾಡೊಂದಿದೆ. ಮನುಷ್ಯನ ಆಸೆಗೆ ಕೊನೆಯೆಲ್ಲಿ ಎಂದು ಕೇಳುವ ಹಾಡು. ತಿಪಟೂರಿನಲ್ಲಿ ರೇಟು ಏರಲಿ ಬೀಳಲಿ, ಅದೇ ಹಾಡು. 'ಸಿನಿಮಾದಲ್ಲಿ ಇದನ್ನ ಹಾಡೋನು ಕೊಲೆ ಮಾಡಿರ್ತಾನಲ್ವಾ ದೊಡ್ಡಪ್ಪ?' ಎಂದು ಒಮ್ಮೆ ಕೇಳಿದೆ. 'ಅಣ್ಣಾವ್ರು ಯಾಕೋ ಕೊಲೆಗಾರ ಆಗ್ತಾರೆ?' ಎಂದು ನನ್ನನ್ನೇ ಗದರಿದರು. ಆ ಸಿನಿಮಾವನ್ನು ಅವರು ನಾಲ್ಕು ಸಲ ನೋಡಿದ್ದಾರೆ.

ಈ ಮರೆವು ಚಿ. ಉದಯಶಂಕರ್ (1934–1993) ಅವರ ಕಸುಬಿನ ಗೆಲುವು. 'ಪ್ರೇಮದ ಕಾಣಿಕೆ' (1976) ಅಪ್ಪಟ ಥ್ರಿಲ್ಲರ್. ರೈಲಿನಲ್ಲಿ ಕೊಲೆಯೊಂದನ್ನು ಕಂಡ ಹೆಣ್ಣು, ಪಾಠ ಹೇಳುವ ಕೆಲಸಕ್ಕೆಂದು ಬಂಗಲೆಯೊಂದಕ್ಕೆ ಬರುತ್ತಾಳೆ. ಅಲ್ಲಿನ ಯಜಮಾನನೇ ಆ ಕೊಲೆಗಾರ. ಕಥೆ ಸಲೀಂ–ಜಾವೇದ್ ಅವರದು, ನಿರ್ದೇಶನ ವಿ. ಸೋಮಶೇಖರ್ ಅವರದು, ಸಂಭಾಷಣೆ ಉದಯಶಂಕರ್ ಅವರದು. ಇದೇ ಕಥೆ 1980ರಲ್ಲಿ ತಮಿಳಿಗೆ ಹೋದಾಗ ಹೆಸರು 'ಪೊಲ್ಲಾದವನ್', ಅಂದರೆ ಕೆಟ್ಟವನು. ಕನ್ನಡದ ಹೆಸರಿನಲ್ಲಿ ಕೇಡಿನ ಸುಳಿವೇ ಇಲ್ಲ. ಹೆಸರಿಟ್ಟವರು ಯಾರೇ ಇರಲಿ, ಅದನ್ನು ನಿಜ ಮಾಡುವ ಹೊರೆ ಬಿದ್ದದ್ದು ಮಾತಿನ ಮೇಲೆ. ನಾಯಕಿ ಅವನಿಗೆ ಹೆದರಬೇಕು, ನಾವು ಅವನನ್ನು ಪ್ರೀತಿಸಬೇಕು. ಅದಕ್ಕೇ ಅವನ ಮಾತಿನಲ್ಲಿ ಅಬ್ಬರವಿಲ್ಲ. ಮನೆಯ ಹಿರಿಯನ ಸಂಯಮವಿದೆ.

ಇದಕ್ಕೆ ತೆತ್ತ ಬೆಲೆಯೂ ಸಣ್ಣದಲ್ಲ. ನಾಯಕ ಇಷ್ಟು ಸಜ್ಜನನಾದಾಗ ನಾಯಕಿಯ ಭಯ ಒಂಟಿಯಾಗುತ್ತದೆ. ಅವಳು ಕಣ್ಣಾರೆ ಕಂಡದ್ದನ್ನೂ ನಾವು ಅನುಮಾನಿಸುತ್ತೇವೆ. 'ಕಸ್ತೂರಿ ನಿವಾಸ'ದ (1971) ದಾನಿಗೂ 'ಗಂಧದ ಗುಡಿ'ಯ (1973) ಅರಣ್ಯಾಧಿಕಾರಿಗೂ ಒಗ್ಗುವ ಈ ಸಜ್ಜನಿಕೆ ಥ್ರಿಲ್ಲರಿನ ಅಂಚನ್ನು ಮೊಂಡು ಮಾಡುತ್ತದೆ. 'ಶಂಕರ್ ಗುರು' (1978) ಬೇರೆ ಬಗೆ. ಅಪ್ಪ ಮತ್ತು ಇಬ್ಬರು ಮಕ್ಕಳು, ಮೂವರೂ ರಾಜ್‌ಕುಮಾರ್. ಒಂದೇ ದನಿಗೆ ಮೂರು ಬಗೆಯ ಮಾತು ಬೇಕಿತ್ತು. ಅಲ್ಲಿ ಉದಯಶಂಕರ್ ತಾರೆಗಾಗಿ ಬರೆಯುತ್ತಲೇ ಪಾತ್ರಕ್ಕೂ ಬರೆದರು.

ಸೆಮಿನಾರೊಂದರಲ್ಲಿ ಇದನ್ನು ಮಂಡಿಸಿದಾಗ 'ಇದೆಲ್ಲ ಸಾಹಿತ್ಯವೇನಮ್ಮ?' ಎಂಬ ಪ್ರಶ್ನೆ ಬಂತು. ಆ ಹೊತ್ತು ತಡವರಿಸಿದೆ. ನಮ್ಮ ಸಾಹಿತ್ಯ ಚರಿತ್ರೆ ಬರೆದವರ ಹೆಸರು ಹಿಡಿದು ಹೊರಡುತ್ತದೆ. ತನ್ನ ಮಾತು ಇನ್ನೊಬ್ಬರದೇ ಎನಿಸುವಂತೆ ಬರೆದವರು ಆ ಚರಿತ್ರೆಗೆ ಸಿಗುವುದಿಲ್ಲ. ಹಾಗೆಂದು ಅವರ ಬರಹ ನಮ್ಮನ್ನು ರೂಪಿಸಿಲ್ಲವೆಂದಲ್ಲ. ಅದು ನಮಗೆ ಯಾರನ್ನು ನಂಬಲು ಕಲಿಸಿತು, ಯಾರ ಭಯವನ್ನು ಕಡೆಗಣಿಸಲು ಕಲಿಸಿತು ಎಂದು ಕೇಳುವುದಾದರೂ ವಿಮರ್ಶೆಯ ಕೆಲಸವಲ್ಲವೆ?

ದೊಡ್ಡಪ್ಪನಿಗೆ ಹಾಡು ಪೂರ್ತಿ ಬರುತ್ತದೆ. ಬರೆದವರು ಯಾರೆಂದರೆ, 'ಅಣ್ಣಾವ್ರ ಹಾಡಲ್ವಾ ಅದು' ಎನ್ನುತ್ತಾರೆ.